ಫಾತಿಮಾ: ಹಾಲು ಬಿಡಿಸುವವಳು

ಶಾಲೆಯ ಹಾಜರಿ ಪುಸ್ತಕದಲ್ಲಿ ಮತ್ತೆ ಮತ್ತೆ ಕಾಣಸಿಗುವ ಹೆಸರು ಫಾತಿಮಾ. ಮೇಷ್ಟ್ರು ಕೂಗುತ್ತಾರೆ, ಹುಡುಗಿ 'ಹಾಜರ್ ಸಾರ್' ಎಂದು ಎದ್ದು ನಿಲ್ಲುತ್ತಾಳೆ. ಆ ಹೆಸರಿನ ಅರ್ಥವೇನೆಂದು ಕೇಳಿದರೆ, 'ಪ್ರವಾದಿಯವರ ಮಗಳ ಹೆಸರು' ಎಂಬ ಉತ್ತರ ಬರುವುದೇ ಹೆಚ್ಚು. ಉತ್ತರ ತಪ್ಪಲ್ಲ. ಆದರೆ ಹೆಸರು ಆ ಮಗಳಿಗಿಂತಲೂ ಹಳೆಯದು. ಪ್ರವಾದಿ ಮುಹಮ್ಮದರ ತಂದೆಯ ತಾಯಿಯೂ ಫಾತಿಮಾ. ಅಳಿಯ ಅಲಿಯವರ ತಾಯಿಯೂ ಫಾತಿಮಾ.

ಅರಬ್ಬಿ ಭಾಷೆಯ ಪದಗಳು ಬಹುಮಟ್ಟಿಗೆ ಮೂರು ವ್ಯಂಜನಗಳ ಮೂಲದಿಂದ ಹುಟ್ಟುತ್ತವೆ. ಈ ಹೆಸರಿನ ಮೂಲ ಫ-ತ-ಮ. ಅದರ ಅರ್ಥ, ಮಗುವಿಗೆ ಎದೆಹಾಲು ಬಿಡಿಸುವುದು. ಫಾತಿಮಾ ಎಂದರೆ ಹಾಲು ಬಿಡಿಸುವವಳು.

ಹೂವು, ನಕ್ಷತ್ರ, ಬೆಳದಿಂಗಳು ಎಂದೆಲ್ಲ ಹೆಣ್ಣುಮಕ್ಕಳಿಗೆ ಹೆಸರಿಡುವುದು ಸಹಜ. ಇದೆಂಥ ಹೆಸರು ಎಂದು ಯಾರಿಗಾದರೂ ಅನ್ನಿಸಬಹುದು. ಕೂಸುಗಳು ಬದುಕಿ ಉಳಿಯುವುದೇ ಕಷ್ಟವಾಗಿದ್ದ ಆ ಕಾಲವನ್ನು ನೆನೆದರೆ ಅರ್ಥ ಬಿಚ್ಚಿಕೊಳ್ಳುತ್ತದೆ. ಹಾಲು ಬಿಡಿಸುವ ಹಂತಕ್ಕೆ ಮಗು ಬಂತೆಂದರೆ ಒಂದು ಗಂಡಾಂತರ ದಾಟಿತೆಂದೇ ಲೆಕ್ಕ. ಈ ಮಗಳು ಮುಂದೆ ತಾಯಿಯಾಗಲಿ, ತನ್ನ ಮಕ್ಕಳನ್ನು ಆ ಹಂತದವರೆಗೆ ಬೆಳೆಸಲಿ ಎಂಬ ಹಾರೈಕೆ ಈ ಹೆಸರಿನಲ್ಲಿದೆ ಎಂದು ವಿವರಿಸುವವರುಂಟು.

ಹೆಸರಿಗೆ ಗೌರವದ ಪ್ರಭೆ ಬಂದದ್ದು ಪ್ರವಾದಿಯವರ ಮಗಳಿಂದ. ತಂದೆ ತೀರಿಕೊಂಡ ಕೆಲವೇ ತಿಂಗಳಲ್ಲಿ, ಕ್ರಿ.ಶ. 632ರಲ್ಲಿ, ಆಕೆಯೂ ತೀರಿಕೊಂಡರು. ಹಸನ್, ಹುಸೇನರ ತಾಯಿಯಾದ ಆಕೆಗೆ 'ಝಹ್ರಾ' ಎಂಬ ಬಿರುದು, ಕಾಂತಿಯುಳ್ಳವಳು ಎಂದರ್ಥ. ಆಕೆಯ ವಂಶದವರೆಂದು ಹೇಳಿಕೊಂಡವರು 909ರಲ್ಲಿ ಉತ್ತರ ಆಫ್ರಿಕದಲ್ಲಿ ರಾಜ್ಯ ಕಟ್ಟಿದರು. ಅವರೇ ಫಾತಿಮಿಗಳು. ಅರಸೊತ್ತಿಗೆಯೊಂದು ಹೆಣ್ಣಿನ ಹೆಸರಿನಿಂದ ಗುರುತಿಸಿಕೊಂಡ ಅಪರೂಪದ ನಿದರ್ಶನವಿದು. 969ರಲ್ಲಿ ಕೈರೋ ನಗರಕ್ಕೆ ಅಡಿಪಾಯ ಹಾಕಿದವರೂ ಇವರೇ. ಅಲ್ಲಿನ ಪ್ರಸಿದ್ಧ ವಿದ್ಯಾಕೇಂದ್ರ ಅಲ್ ಅಝರ್‌ನ ಹೆಸರು 'ಝಹ್ರಾ' ಬಿರುದಿನಿಂದಲೇ ಬಂದಿತೆಂಬ ನಂಬಿಕೆಯಿದೆ.

ವಿದ್ಯೆಯೊಂದಿಗೆ ತಳಕು ಹಾಕಿಕೊಂಡ ಇನ್ನೊಬ್ಬ ಫಾತಿಮಾ ಮೊರಾಕ್ಕೋದ ಫೆಜ್ ನಗರದವಳು. ವರ್ತಕನಾಗಿದ್ದ ತಂದೆಯಿಂದ ಬಂದ ಆಸ್ತಿಯನ್ನು ವಿನಿಯೋಗಿಸಿ ಫಾತಿಮಾ ಅಲ್ ಫಿಹ್ರಿ 859ರಲ್ಲಿ ಕರವಿಯ್ಯೀನ್ ಮಸೀದಿಯನ್ನು ಕಟ್ಟಿಸಿದಳೆಂದೂ ಅದೇ ಮುಂದೆ ದೊಡ್ಡ ವಿದ್ಯಾಪೀಠವಾಯಿತೆಂದೂ ಪ್ರತೀತಿ. ಈ ಕಥೆಯನ್ನು ಬರೆದಿಟ್ಟ ಇಬ್ನ್ ಅಬಿ ಝರ್ 14ನೆಯ ಶತಮಾನದವನಾದ್ದರಿಂದ ಕೆಲವು ಇತಿಹಾಸಕಾರರು ಇದನ್ನು ಪೂರ್ತಿ ಒಪ್ಪುವುದಿಲ್ಲ. ಆದರೂ ವಿದ್ಯಾಪೀಠದ ಮೂಲದಲ್ಲಿ ಒಬ್ಬ ಹೆಣ್ಣುಮಗಳನ್ನು ನಿಲ್ಲಿಸಿ ಜನ ಶತಮಾನಗಳ ಕಾಲ ಗೌರವಿಸಿದ್ದು ಸಣ್ಣ ಮಾತಲ್ಲ.

ಊರೂರು ಸುತ್ತಿದ ಹೆಸರು ಆಯಾ ನಾಲಗೆಗೆ ತಕ್ಕಂತೆ ಒಗ್ಗಿತು. ತುರ್ಕರಿಗೆ ಫಾತ್ಮಾ, ಪೂರ್ವ ಆಫ್ರಿಕದವರಿಗೆ ಫಾತುಮಾ, ಕೇರಳದಲ್ಲಿ ಪಾತುಮ್ಮ. ವೈಕಂ ಮುಹಮ್ಮದ್ ಬಷೀರರ 1959ರ ಕಾದಂಬರಿ 'ಪಾತುಮ್ಮಯುಡೆ ಆಡ್' ಮಲಯಾಳಿಗಳ ಮನೆಮಾತು. ಪೋರ್ಚುಗಲ್ಲಿನಲ್ಲಿ ಫಾತಿಮಾ ಎಂಬ ಊರೇ ಇದೆ. 1917ರಲ್ಲಿ ಅಲ್ಲಿ ಕುರಿ ಕಾಯುತ್ತಿದ್ದ ಮೂವರು ಮಕ್ಕಳು ಮೇರಿ ಮಾತೆಯನ್ನು ಕಂಡುದಾಗಿ ಹೇಳಿದ ಮೇಲೆ ಅದು ಯಾತ್ರಾಸ್ಥಳವಾಯಿತು. ಕ್ಯಾಥೊಲಿಕ್ ಕ್ರೈಸ್ತರ ಮನೆಗಳಲ್ಲೂ ಫಾತಿಮಾ ಎಂಬ ಹೆಸರಿರುವುದಕ್ಕೆ ಆ ಊರೇ ಕಾರಣ. ಒಂದೇ ಹೆಸರು ಎರಡು ಧರ್ಮಗಳ ತೊಟ್ಟಿಲಲ್ಲಿ!

ನಮ್ಮ ದೇಶದ ಓದುವ ಹುಡುಗಿಯರು ಮರೆಯಬಾರದ ಹೆಸರು ಫಾತಿಮಾ ಬೀವಿ. 1927ರಲ್ಲಿ ಕೇರಳದ ಪತ್ತನಂತಿಟ್ಟದಲ್ಲಿ ಹುಟ್ಟಿದ ಅವರಿಗೆ ಕಾನೂನು ಓದುವಂತೆ ಉತ್ತೇಜನ ಕೊಟ್ಟವರು ತಂದೆ ಮೀರಾ ಸಾಹಿಬ್. ಹೆಣ್ಣುಮಕ್ಕಳು ಕರಿ ಕೋಟು ತೊಡುವುದೇ ಅಪರೂಪವಾಗಿದ್ದ 1950ರಲ್ಲಿ ಆಕೆ ವಕೀಲರಾದರು. 1989ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟಿನ ಮೊದಲ ಮಹಿಳಾ ನ್ಯಾಯಮೂರ್ತಿಯಾದರು. 2023ರ ನವೆಂಬರಿನಲ್ಲಿ ತೀರಿಕೊಂಡರು.

ನಮ್ಮ ಹಳ್ಳಿಗಳಲ್ಲಿ ಕೂಸಿಗೆ ಹಾಲು ಬಿಡಿಸಲು ತಾಯಿ ಎದೆಗೆ ಬೇವಿನ ರಸ ಹಚ್ಚಿಕೊಳ್ಳುವ ರೂಢಿಯಿತ್ತು. ಮಗು ಮುಖ ಸಿಂಡರಿಸಿ ಅಳುತ್ತದೆ, ತಾಯಿಯ ಕರುಳು ಚುರ್ ಎನ್ನುತ್ತದೆ. ಆದರೂ ಬಿಡಿಸದೆ ವಿಧಿಯಿಲ್ಲ. ಬಿಡಿಸಿದರೇ ಮಗು ಅನ್ನ ಉಣ್ಣಲು ಕಲಿಯುವುದು. ಮಗಳನ್ನು ಪರ ಊರಿನ ಕಾಲೇಜಿಗೆ ಕಳಿಸಲು ಹಿಂದೆಮುಂದೆ ನೋಡುವ ತಂದೆತಾಯಿಯರಿಗೂ ಇದೇ ಸಂಕಟ. ಹಾಲೂಡುವುದು ಎಷ್ಟು ಪ್ರೀತಿಯೋ ಸಕಾಲದಲ್ಲಿ ಬಿಡಿಸುವುದೂ ಅಷ್ಟೇ ಪ್ರೀತಿ. ಹಾಜರಿ ಕೂಗುವಾಗ ದಿನವೂ ಕೇಳುವ ಆ ಮೂರಕ್ಷರದ ಹೆಸರು ಹೇಳುವುದೂ ಅದನ್ನೇ.