ನಮ್ಮನ್ನು ಒಂದು ಮಾತೂ ಕೇಳದೆ ಗುತ್ತಿಗೆ ರದ್ದೇ?

ಸಣ್ಣ ಗುತ್ತಿಗೆದಾರ ಬಂಧುಗಳೇ! ಮೇಸ್ತ್ರಿಗಳೇ! ಗಾರೆ, ಸೆಂಟ್ರಿಂಗ್, ಚರಂಡಿ ಕೆಲಸದ ಅಣ್ಣತಮ್ಮಂದಿರೇ, ಅಕ್ಕತಂಗಿಯರೇ!

ನೀವು ಟೆಂಡರ್ ಹಾಕಿದಿರಿ. ಇಎಂಡಿ ಠೇವಣಿ ಕಟ್ಟಿದಿರಿ. ಕಾರ್ಯಾದೇಶ ಕೈಗೆ ಬಂತು. ಮನೆಯವರ ಸರ ಅಡವಿಟ್ಟು ಜಲ್ಲಿ, ಎಂ-ಸ್ಯಾಂಡ್ ಇಳಿಸಿದಿರಿ. ಅರ್ಧ ಚರಂಡಿ ಮುಗಿಯಿತು. ಒಂದು ಬೆಳಿಗ್ಗೆ ವಾಟ್ಸಾಪ್‌ಗೆ ಒಂದು ಹಾಳೆಯ ಫೋಟೊ ಬಂತು. ಗುತ್ತಿಗೆ ರದ್ದು! ಯಾಕೆ? "ಆಡಳಿತಾತ್ಮಕ ಕಾರಣ"ವಂತೆ!

ನೋಟಿಸ್ ಕೊಟ್ಟರಾ? ಇಲ್ಲ! ಕರೆದು ಕೇಳಿದರಾ? ಇಲ್ಲ!

ಹೊಡೆತ ಯಾರಿಗೆ ಬೀಳುತ್ತದೆ ನೋಡಿ. ಠೇವಣಿ ಮುಟ್ಟುಗೋಲು. ಅಳತೆ ಪುಸ್ತಕ (ಎಂ.ಬಿ.) ಬರೆಯಲು ಜೆಇ ಸಾಹೇಬರು ಸಿಗುವುದಿಲ್ಲ. ಅಳತೆ ಇಲ್ಲ, ಹಾಗಾಗಿ ಮಾಡಿದ ಕೆಲಸಕ್ಕೂ ಬಿಲ್ಲಿಲ್ಲ. ಶನಿವಾರ ಬಟವಾಡೆ ಆಗುವುದಿಲ್ಲ. ರಾಯಚೂರು, ಯಾದಗಿರಿ ಕಡೆಯಿಂದ ಬಂದು ತಗಡಿನ ಶೆಡ್ಡಿನಲ್ಲಿರುವ ಸಂಸಾರಗಳು ಆ ವಾರ ಏನು ತಿನ್ನಬೇಕು? ಮುಂಗಡ ಕೊಟ್ಟು ಕರೆತಂದ ಮೇಸ್ತ್ರಿ ತಲೆ ತಪ್ಪಿಸಿಕೊಂಡು ಓಡಾಡುತ್ತಾನೆ. ಉದ್ದರಿ ಕೊಟ್ಟ ಸಿಮೆಂಟ್ ಅಂಗಡಿಯವರು ಮನೆ ಬಾಗಿಲಿಗೆ ಬರುತ್ತಾರೆ. ಅಗೆದು ಬಿಟ್ಟ ಗುಂಡಿ ಹಾಗೇ ಬಾಯಿ ತೆರೆದಿರುತ್ತದೆ. ಅದರಲ್ಲಿ ಬೀಳುವುದೂ ನಮ್ಮ ಬೀದಿಯ ಮಕ್ಕಳೇ!

ಇಷ್ಟು ಸಾಲದು ಅಂತ ಕಪ್ಪುಪಟ್ಟಿ! ಮುಂದೆ ಎಲ್ಲಿ ಟೆಂಡರ್ ಹಾಕಿದರೂ ಬಾಗಿಲು ಬಂದ್. (ದೊಡ್ಡ ಕಂಪನಿಗಳಿಗೆ ಈ ಪಾಡು ಕಡಿಮೆ. ನೋಟಿಸ್ ಬರುವ ಮೊದಲೇ ಅವರ ವಕೀಲರು ಹೈಕೋರ್ಟಿನಲ್ಲಿರುತ್ತಾರೆ.)

ಕಳಪೆ ಕೆಲಸ ಮಾಡಿದವರನ್ನು ಬಿಟ್ಟುಬಿಡಿ ಅಂತ ನಾವು ಕೇಳುತ್ತಿಲ್ಲ. ತಪ್ಪಿದ್ದರೆ ತೋರಿಸಿ! ನಮ್ಮ ಉತ್ತರ ಕೇಳಿ! ಆಮೇಲೆ ಆದೇಶ ಬರೆಯಿರಿ!

"ಕರಾರಿನಲ್ಲೇ ರದ್ದು ಮಾಡುವ ಅಧಿಕಾರವಿದೆ" ಅಂತ ಸಾಹೇಬರು ಗದರುತ್ತಾರೆ. ಹೆದರಬೇಡಿ! 1990ರಲ್ಲಿ ಉತ್ತರ ಪ್ರದೇಶ ಸರ್ಕಾರ ಒಂದೇ ಸುತ್ತೋಲೆಯಲ್ಲಿ ಎಲ್ಲ ಜಿಲ್ಲೆಗಳ ಸರ್ಕಾರಿ ವಕೀಲರನ್ನು ಮನೆಗೆ ಕಳಿಸಿತ್ತು. ಸುಪ್ರೀಂ ಕೋರ್ಟ್ ಸುತ್ತೋಲೆಯನ್ನೇ ರದ್ದು ಮಾಡಿತು. ಕರಾರಿನ ವ್ಯವಹಾರದಲ್ಲೂ ಸರ್ಕಾರಕ್ಕೆ ಸಂವಿಧಾನದ 14ನೇ ವಿಧಿ (ಸಮಾನತೆಯ ಹಕ್ಕು) ತಪ್ಪಿದ್ದಲ್ಲ ಎಂದಿತು.

ದೆಹಲಿಯಲ್ಲಿ ಆಸ್ಪತ್ರೆಗೆ ಕಾವಲುಗಾರರನ್ನು ಒದಗಿಸುತ್ತಿದ್ದ ಗುತ್ತಿಗೆದಾರರನ್ನು ಕಪ್ಪುಪಟ್ಟಿಗೆ ಸೇರಿಸಿದರು. ಮೊದಲು ಕೊಟ್ಟ ನೋಟಿಸಿನಲ್ಲಿ ಕಪ್ಪುಪಟ್ಟಿಯ ಸುದ್ದಿಯೇ ಇರಲಿಲ್ಲ. 2014ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಆ ಆದೇಶವೂ ಬಿದ್ದುಹೋಯಿತು. ಕೋಲ್ಕತ್ತದಲ್ಲಿ ಎರಡು ಅಂಡರ್‌ಪಾಸ್ ನೋಡಿಕೊಳ್ಳುವ ಟೆಂಡರನ್ನು ಅಲ್ಲಿನ ಅಭಿವೃದ್ಧಿ ಪ್ರಾಧಿಕಾರ "ತಾಂತ್ರಿಕ ದೋಷ" ಅಂತ ರದ್ದು ಮಾಡಿತ್ತು. ಕಡತ ಬಿಚ್ಚಿದರೆ ಒಳಗಿದ್ದದ್ದು ಮಂತ್ರಿಯ ಅಪ್ಪಣೆ! 2024ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಆ ರದ್ದತಿಯನ್ನು ಕಿತ್ತೆಸೆಯಿತು.

ನಮ್ಮ ಕಡತದೊಳಗೆ ಏನಿದೆ? ನೋಡೋಣ! 10 ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ ಟಿಪ್ಪಣಿ ಹಾಳೆಗಳ ನಕಲು ಕೇಳಿ. 30 ದಿನದೊಳಗೆ ಉತ್ತರ ಕೊಡಲೇಬೇಕು. ಮಾಡಿದ ಕೆಲಸದ ಫೋಟೊ ಇವತ್ತೇ ತೆಗೆದಿಡಿ, ನಾಳೆ ಯಾರಾದರೂ ಮಣ್ಣು ಮುಚ್ಚಿಯಾರು! ಬಾಯಿಮಾತನ್ನು ನಂಬಬೇಡಿ. ಅರ್ಜಿ ಬರೆದು ಕೊಡಿ, ನಕಲಿನ ಮೇಲೆ ಸೀಲು ಹಾಕಿಸಿಕೊಳ್ಳಿ. ನೋಟಿಸ್ ಬಂದರೆ ಮಾತ್ರ ಸುಮ್ಮನೆ ಕೂರಬೇಡಿ, ಗಡುವಿನೊಳಗೆ ಉತ್ತರ ಕೊಡಿ!

ಬರುವ ಸೋಮವಾರ ಬೆಳಿಗ್ಗೆ 10 ಗಂಟೆಗೆ ಜಿಲ್ಲಾಧಿಕಾರಿ ಕಚೇರಿ ಎದುರು ಎಲ್ಲರೂ ಸೇರೋಣ. ಕೇಳದೆ ಕೊಟ್ಟ ರದ್ದು ಆದೇಶ ವಾಪಸ್ ಆಗಬೇಕು! ನಮ್ಮೆದುರೇ ಜಂಟಿ ಅಳತೆ ಆಗಬೇಕು! ಕೂಲಿ ಬಾಕಿ ಮೊದಲು ತೀರಬೇಕು! ಕಾರ್ಯಾದೇಶದ ಜೆರಾಕ್ಸ್ ತನ್ನಿ. ಕೂಲಿ ಬರಬೇಕಾದವರು ಹಾಜರಿ ಪುಸ್ತಕ ತನ್ನಿ. ಸಿಮೆಂಟ್ ಅಂಗಡಿಯವರೇ, ನೀವೂ ಬನ್ನಿ, ನಿಮ್ಮ ಬಾಕಿಯೂ ಅದೇ ಕಡತದಲ್ಲಿ ಸಿಕ್ಕಿಬಿದ್ದಿದೆ!