ಸೆರೆಮನೆಯೂ ಅಡುಗೆಮನೆಯೂ

ಕಳೆದ ಆಗಸ್ಟ್ ತಿಂಗಳಲ್ಲಿ ಒಂದು ಪ್ರೌಢಶಾಲೆಯ ಭಾಷಣಸ್ಪರ್ಧೆಗೆ ತೀರ್ಪುಗಾರನಾಗಿ ಹೋಗುವ ಪ್ರಸಂಗ ನನಗೆ ಒದಗಿತು. ವಿಷಯ ಪ್ರತಿವರ್ಷದ್ದೇ: ಸ್ವಾತಂತ್ರ್ಯ ಸಂಗ್ರಾಮದ ವೀರರು. ಮಕ್ಕಳು ಚೆನ್ನಾಗಿಯೇ ಮಾತನಾಡಿದರು. ಇಸವಿಗಳು ತಪ್ಪಲಿಲ್ಲ, ಹೆಸರುಗಳು ತಡವರಿಸಲಿಲ್ಲ. ಬಹುಮಾನ ಹಂಚಿದ್ದಾಯಿತು. ಯಾರಿಗಾದರೂ ಕೇಳುವುದೇನಾದರೂ ಇದೆಯೇ ಎಂದು ಮುಖ್ಯೋಪಾಧ್ಯಾಯರು ವಾಡಿಕೆಯಂತೆ ಕೇಳಿದರು. ಬಹುಮಾನ ಬಾರದಿದ್ದ ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು ಎದ್ದುನಿಂತಳು. "ಸಾರ್, ಅವರೆಲ್ಲ ಜೈಲಿಗೆ ಹೋದಮೇಲೆ ಅವರ ಮನೆಗಳಲ್ಲಿ ಊಟಕ್ಕೆ ಏನು ಮಾಡುತ್ತಿದ್ದರು?"

ಕೆಲವರು ನಕ್ಕರು. ನಾನು ಬಂಧುಗಳು ನೋಡಿಕೊಳ್ಳುತ್ತಿದ್ದರೆಂದೂ ಊರಿನವರು ನೆರವಾಗುತ್ತಿದ್ದರೆಂದೂ ಏನೋ ಹೇಳಿ ಕುಳಿತೆ. ಹುಡುಗಿಯೂ ಕುಳಿತಳು. ಅವಳಿಗೆ ಸಮಾಧಾನವಾಗಲಿಲ್ಲವೆಂಬುದು ಅವಳ ಮುಖದಲ್ಲಿಯೇ ತಿಳಿಯುತ್ತಿತ್ತು. ನನಗೂ ಆಗಿರಲಿಲ್ಲ. ಅಷ್ಟು ಹೊತ್ತು ಅಲ್ಲಿ ಆಡಿದ ಮಾತುಗಳಲ್ಲಿ ಆ ಪ್ರಶ್ನೆಯೊಂದೇ ಸ್ವಂತದ್ದು. ಉಳಿದುವೆಲ್ಲ ಕಂಠಪಾಠ ಮಾಡಿದವು. ಇರುವ ಒಂದು ನಿಜವಾದ ಪ್ರಶ್ನೆಗೆ ಉತ್ತರವಿಲ್ಲದೆ ಮನೆಗೆ ಬಂದೆನಲ್ಲ ಎಂಬ ನಾಚಿಕೆಯಿಂದ ಈ ವಾರದ ಮಾತು ಹುಟ್ಟಿದೆ.

ನಾವು ಮಕ್ಕಳ ಕೈಗೆ ಕೊಡುವ ದೇಶಭಕ್ತರ ಕಿರುಹೊತ್ತಗೆಗಳನ್ನು ವಾಚಕರು ಒಮ್ಮೆ ನೆನಪಿಗೆ ತಂದುಕೊಳ್ಳಬೇಕು. ಅವುಗಳ ಅಚ್ಚು ಬಹುಮಟ್ಟಿಗೆ ಒಂದೇ. ನಾಯಕ ಹುಟ್ಟುತ್ತಾನೆ, ಬಾಲ್ಯದಲ್ಲಿಯೇ ನಿರ್ಭೀತನಾಗಿರುತ್ತಾನೆ, ಭಾಷಣ ಮಾಡುತ್ತಾನೆ, ಸೆರೆಮನೆಗೆ ಹೋಗುತ್ತಾನೆ. ತಾಯಿ ಎರಡೇ ಸಲ ಕಾಣಿಸಿಕೊಳ್ಳುತ್ತಾಳೆ: ಹರಸುವಾಗ ಒಮ್ಮೆ, ಕಣ್ಣೀರಿಡುವಾಗ ಒಮ್ಮೆ. ಹೆಂಡತಿಗೆ ಆ ಎರಡರಲ್ಲಿ ಒಂದೂ ದೊರೆಯುವುದು ಅಪರೂಪ. ಈ ಪುಸ್ತಕಗಳು ಸುಳ್ಳು ಹೇಳುತ್ತವೆಂದು ನಾನು ಹೇಳುವುದಿಲ್ಲ. ಅವುಗಳಲ್ಲಿ ಸೆರೆಮನೆ ಇದೆ, ಅಡುಗೆಮನೆ ಇಲ್ಲ. ಮಗುವಿಗೆ ಚೆನ್ನಾಗಿ ತಿಳಿದಿರುವುದು ಅಡುಗೆಮನೆ. ತನಗೆ ತಿಳಿದ ಜಗತ್ತೇ ಇಲ್ಲದ ಕಥೆಯನ್ನು ಮಗು ಗೌರವಿಸಬಹುದು, ನಂಬುವುದು ಕಷ್ಟ.

ಈ ಕೊರತೆ ನಮಗೆ ಹೊಸದಲ್ಲ. ಲಕ್ಷ್ಮಣ ಅಣ್ಣನ ಹಿಂದೆ ಕಾಡಿಗೆ ಹೋದುದನ್ನು ನಾವು ಸಾವಿರ ಸಲ ಕೇಳಿದ್ದೇವೆ. ಹದಿನಾಲ್ಕು ವರ್ಷ ಅರಮನೆಯಲ್ಲಿ ಉಳಿದ ಊರ್ಮಿಳೆಯ ಮಾತನ್ನು ಹಳೆಯ ಕಾವ್ಯ ಎತ್ತುವುದೇ ಇಲ್ಲವೆಂದು ರವೀಂದ್ರನಾಥ ಠಾಕೂರರು ನೊಂದು ಬರೆದರು. ಹಿಂದಿಯಲ್ಲಿ ಮೈಥಿಲೀಶರಣ ಗುಪ್ತರು ‘ಸಾಕೇತ’ದಲ್ಲಿ ಅವಳಿಗೆ ಸ್ಥಾನ ಕೊಟ್ಟರು, ಕನ್ನಡದಲ್ಲಿ ಕುವೆಂಪು ಅವರು ‘ಶ್ರೀ ರಾಮಾಯಣ ದರ್ಶನಂ’ನಲ್ಲಿ ಅವಳ ತಪಸ್ಸನ್ನು ಕಂಡರು. ಸ್ವಾತಂತ್ರ್ಯ ಸಂಗ್ರಾಮದ ಊರ್ಮಿಳೆಯರನ್ನು ಕಂಡ ಪುಸ್ತಕಗಳೂ ಇಲ್ಲದಿಲ್ಲ. ಅವನ್ನು ನಾವು ಆ ದೃಷ್ಟಿಯಿಂದ ಓದಿಲ್ಲ, ಅಷ್ಟೆ.

1940ರ ದಶಕದ ಆರಂಭದಲ್ಲಿ ಬಂದ ಶಿವರಾಮ ಕಾರಂತರ ‘ಮರಳಿ ಮಣ್ಣಿಗೆ’ಯನ್ನೇ ನೋಡೋಣ. ಅದು ಸ್ವಾತಂತ್ರ್ಯ ಹೋರಾಟದ ಕಾದಂಬರಿ ಎಂದು ಯಾರೂ ಹೇಳುವುದಿಲ್ಲ. ಕಡಲಕರೆಯ ಒಂದು ಮನೆತನದ ಮೂರು ತಲೆಮಾರುಗಳ ಕಥೆ ಅದು. ಮೂರನೆಯ ತಲೆಮಾರಿನ ರಾಮ ಓದಲು ಹೋದವನು ಚಳವಳಿಗೆ ಸೇರಿ ಸೆರೆಮನೆಯನ್ನು ಕಾಣುತ್ತಾನೆ. ಆದರೆ ಆ ಹೊತ್ತಿಗೆ ಪಾರೋತಿ ಸರಸೋತಿಯರು ಬೆವರು ಸುರಿಸಿ ಉಳಿಸಿದ ಬದುಕನ್ನೂ, ಗಂಡನ ಕೈಯಲ್ಲಿ ಎಲ್ಲವೂ ಹಾಳಾದ ಮೇಲೆ ನಾಗವೇಣಿ ಮಗನಿಗಾಗಿಯೇ ಜೀವ ಹಿಡಿದುದನ್ನೂ ನಾವು ನೋಡಿರುತ್ತೇವೆ. ಆದುದರಿಂದ ರಾಮ ಸೆರೆಮನೆಗೆ ಹೋದನೆಂದರೆ ಅದರ ಭಾರ ಎಷ್ಟೆಂಬುದು ನಮಗೆ ಗೊತ್ತು. ಅವನು ದೇಶಕ್ಕೆ ಕೊಟ್ಟದ್ದು ತನ್ನ ಕೆಲವು ತಿಂಗಳುಗಳನ್ನು ಮಾತ್ರವಲ್ಲ, ತಾಯಿಯ ಏಕಮಾತ್ರ ಆಸರೆಯನ್ನು. ಇದನ್ನು ಕಾರಂತರು ಉದ್ಗಾರವೆತ್ತಿ ಹೇಳುವುದಿಲ್ಲ. ಮನೆಯನ್ನು ಮೊದಲು ಕಟ್ಟಿ ತೋರಿಸಿ, ಆಮೇಲೆ ಅದರ ಒಂದು ಕಂಬವನ್ನು ತೆಗೆಯುತ್ತಾರೆ.

1938ರಲ್ಲಿ ಇಂಗ್ಲಿಷಿನಲ್ಲಿ ಪ್ರಕಟವಾದ ರಾಜಾರಾಯರ ‘ಕಾಂತಾಪುರ’ ನಮ್ಮ ಸೀಮೆಯದೇ ಒಂದು ಹಳ್ಳಿಯ ಕಥೆ. ಅದನ್ನು ಹೇಳುವವಳು ಅಚ್ಚಕ್ಕ ಎಂಬ ಮುದುಕಿ. ಗಾಂಧಿಯ ಮಾತಿಗೆ ಮನಸೋತ ಮೂರ್ತಿ ಹೊಲೆಗೇರಿಗೆ ಹೋಗಿಬರುತ್ತಾನೆ. ಬಹಿಷ್ಕಾರದ ಭೀತಿ ಮನೆಗೆ ಬಂದು ಕೂರುತ್ತದೆ. ಆ ಅಳಲಿನಲ್ಲಿಯೇ ತಾಯಿ ನರಸಮ್ಮ ಸಾಯುತ್ತಾಳೆ. ಮೂರ್ತಿಯ ದಾರಿ ಸರಿಯಾದುದೆಂಬ ಬಗ್ಗೆ ಓದುವವನಿಗೆ ಸಂದೇಹವಿಲ್ಲ. ಆದರೂ ನರಸಮ್ಮನ ಸಾವು ಮನಸ್ಸಿನಿಂದ ಹೋಗುವುದಿಲ್ಲ. ಧರ್ಮದ ಕಾರ್ಯಕ್ಕೂ ಬೆಲೆ ಇದೆ, ಆ ಬೆಲೆಯನ್ನು ಕೆಲವೊಮ್ಮೆ ಒಪ್ಪಿಗೆ ಕೊಡದವರೇ ತೆರಬೇಕಾಗುತ್ತದೆ ಎಂಬುದನ್ನು ಎಳೆಯರಿಗೆ ತಿಳಿಸಲು ಇದಕ್ಕಿಂತ ಒಳ್ಳೆಯ ಪಾಠ ನನಗೆ ಗೊತ್ತಿಲ್ಲ.

ಇನ್ನು ಮಕ್ಕಳ ವಿಷಯ. ಆರ್. ಕೆ. ನಾರಾಯಣರ ‘ಸ್ವಾಮಿ ಅಂಡ್ ಫ್ರೆಂಡ್ಸ್’ 1935ರಲ್ಲಿ ಬಂದಿತು. ಅದರಲ್ಲಿ 1930ರ ಆಗಸ್ಟ್ 15ರಂದು ಮಾಲ್ಗುಡಿಯಲ್ಲಿ ಒಂದು ಸಭೆ ನಡೆಯುತ್ತದೆ. ಪುಟ್ಟ ಸ್ವಾಮಿ ಆವೇಶಗೊಂಡು ತನ್ನ ಟೋಪಿಯನ್ನು ವಿದೇಶೀ ಬಟ್ಟೆಯ ಬೆಂಕಿಗೆ ಎಸೆಯುತ್ತಾನೆ. ಮರುದಿನ ಶಾಲೆಯ ಕಿಟಕಿಯ ಗಾಜುಗಳೂ ಪುಡಿಯಾಗುತ್ತವೆ. ಸುಟ್ಟದ್ದು ಶುದ್ಧ ಖಾದಿ ಟೋಪಿ ಎಂಬುದು ತಂದೆಯ ಬಾಯಿಂದ ತಿಳಿಯುತ್ತದೆ. ನಾವು ನಗುತ್ತೇವೆ, ಆ ನಗೆಯಲ್ಲಿ ಹೋರಾಟದ ಅವಹೇಳನವಿಲ್ಲ. ಹುಡುಗ ಹುಡುಗನಾಗಿಯೇ ಇದ್ದಾನೆ, ಗುಂಪಿನ ಉತ್ಸಾಹ ಅವನನ್ನು ಎಳೆದೊಯ್ದಿದೆ, ಅರ್ಥ ಆಮೇಲೆ ಬರಬೇಕಾಗಿದೆ. ನಮ್ಮ ಕಿರುಹೊತ್ತಗೆಗಳ ಬಾಲವೀರರು ಎಂದೂ ಇಂಥ ತಪ್ಪು ಮಾಡುವುದಿಲ್ಲ. ಹತ್ತನೆಯ ವಯಸ್ಸಿನಲ್ಲಿಯೇ ಅವರು ನಲವತ್ತರವರಂತೆ ಮಾತನಾಡುತ್ತಾರೆ.

ಆದರೆ ಎಲ್ಲ ಹುಡುಗರ ಕಥೆಯೂ ಟೋಪಿಯೊಂದರ ನಷ್ಟದಲ್ಲಿ ಮುಗಿಯಲಿಲ್ಲ. 1942ರ ಆಗಸ್ಟಿನಲ್ಲಿ ಹುಬ್ಬಳ್ಳಿಯಲ್ಲಿ ನಾರಾಯಣ ಮಹಾದೇವ ಡೋಣಿ ಎಂಬ ಶಾಲಾಬಾಲಕ ಪೊಲೀಸರ ಗುಂಡಿಗೆ ಬಲಿಯಾದ. ಅದೇ ವರ್ಷ ಶಿಕಾರಿಪುರ ತಾಲ್ಲೂಕಿನ ಈಸೂರು ತಾನು ಸ್ವತಂತ್ರವೆಂದು ಸಾರಿಕೊಂಡಾಗ ಅಮಲ್ದಾರ ಮತ್ತು ಪೊಲೀಸ್ ಅಧಿಕಾರಿಯ ಪದವಿಗಳನ್ನು ಊರಿನ ಇಬ್ಬರು ಹುಡುಗರಿಗೆ ಕೊಟ್ಟಿತು. ಎಳೆಯರನ್ನು ಸರಕಾರ ಶಿಕ್ಷಿಸಲಾರದೆಂಬ ಎಣಿಕೆ ಹಿರಿಯರದಾಗಿತ್ತೆಂದು ಹೇಳುತ್ತಾರೆ. ಆಟದಂತೆ ಮೊದಲಾದ ಆ ಕಥೆಯಲ್ಲಿ ಸೆಪ್ಟೆಂಬರಿನಲ್ಲಿ ನಿಜವಾದ ಅಮಲ್ದಾರರೂ ಪೊಲೀಸ್ ಅಧಿಕಾರಿಯೂ ಜನರ ಕೈಯಲ್ಲಿ ಸತ್ತರು. 1943ರ ಮಾರ್ಚಿನಲ್ಲಿ ಊರಿನ ಐವರನ್ನು ಗಲ್ಲಿಗೇರಿಸಿದರು. ಈಸೂರನ್ನು ನಾವು ಹೆಮ್ಮೆಯಿಂದ ನೆನೆಯುತ್ತೇವೆ, ನೆನೆಯಬೇಕಾದುದೂ ಹೌದು. ಆದರೆ ಪದವಿ ಹೊತ್ತ ಆ ಇಬ್ಬರು ಹುಡುಗರು ಅಂದು ರಾತ್ರಿ ಮನೆಗೆ ಬಂದಾಗ ತಾಯಂದಿರು ಏನೆಂದರು ಎಂದು ಒಂದು ಕ್ಷಣ ಯೋಚಿಸಿದರೆ ಹೆಮ್ಮೆಯ ಜೊತೆಗೆ ಬೇರೊಂದು ಭಾವವೂ ಏಳುತ್ತದೆ.

ಆ ಭಾವವನ್ನು ಮರೆಮಾಡದೆ ಬರೆದ ಪುಸ್ತಕ ನಿರಂಜನರ ‘ಚಿರಸ್ಮರಣೆ’. ಅದು 1955ರದು. ಆಗ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದ ಕಯ್ಯೂರಿನಲ್ಲಿ 1941ರಲ್ಲಿ ನಡೆದ ರೈತರ ಹೋರಾಟ ಅದರ ವಸ್ತು. 1943ರ ಮಾರ್ಚ್ 29ರಂದು ಕಣ್ಣೂರಿನ ಸೆರೆಮನೆಯಲ್ಲಿ ನಾಲ್ವರನ್ನು ನೇಣಿಗೆ ಹಾಕಿದರು. ಮರಣದಂಡನೆಗೆ ಗುರಿಯಾಗಿದ್ದ ಐದನೆಯವನು ಇನ್ನೂ ಪ್ರಾಪ್ತವಯಸ್ಕನಾಗಿರಲಿಲ್ಲವಾದ್ದರಿಂದ ಉಳಿದುಕೊಂಡ. ನಿರಂಜನರು ಕಥೆಯನ್ನು ನೇಣುಗಂಬದಿಂದ ಆರಂಭಿಸುವುದಿಲ್ಲ. ಅಪ್ಪು, ಚಿರುಕಂಡರೆಂಬ ಇಬ್ಬರು ಹುಡುಗರಿಂದ, ಅವರ ಮೇಷ್ಟರಿಂದ ಆರಂಭಿಸುತ್ತಾರೆ. ಹುಡುಗರು ನಮ್ಮ ಕಣ್ಣೆದುರಿಗೇ ಬೆಳೆಯುತ್ತಾರೆ. ಅವರ ಮನೆ, ಗೇಣಿಯ ಕಷ್ಟ, ಗೆಳೆತನ ಎಲ್ಲವೂ ನಮ್ಮವಾಗುತ್ತವೆ. ಆದುದರಿಂದ ಕೊನೆಯಲ್ಲಿ ಸತ್ತವರು ಹುತಾತ್ಮರ ಪಟ್ಟಿಯ ಹೆಸರುಗಳಾಗಿರದೆ, ನಾವು ಬಲ್ಲ ಹುಡುಗರಾಗಿರುತ್ತಾರೆ. ಉಪಾಧ್ಯಾಯರು ಈ ಪುಸ್ತಕವನ್ನು ಇನ್ನೊಂದು ಕಾರಣಕ್ಕಾಗಿಯೂ ಓದಬೇಕು. ತಾನು ಹೇಳಿಕೊಟ್ಟ ಮಾತು ಶಿಷ್ಯನನ್ನು ಎಲ್ಲಿಯವರೆಗೆ ಕರೆದೊಯ್ಯಬಲ್ಲದು ಎಂಬುದನ್ನು ಅರಿತು ಮಾತನಾಡುವ ಜವಾಬ್ದಾರಿ ನಮ್ಮೆಲ್ಲರದು.

ದೊಡ್ಡವರ ಮನೆಗಳ ಮಾತೂ ಬೇರೆಯಲ್ಲ. ಜವಾಹರಲಾಲ್ ನೆಹರೂ ಅವರು 1930ರ ಅಕ್ಟೋಬರಿನಲ್ಲಿ ನೈನಿ ಸೆರೆಮನೆಯಿಂದ ಮಗಳ ಹದಿಮೂರನೆಯ ಹುಟ್ಟುಹಬ್ಬಕ್ಕೆಂದು ಬರೆದ ಕಾಗದದಿಂದ ಆರಂಭವಾದ ಮಾಲೆ 1933ರವರೆಗೆ ನಡೆದು, 196 ಕಾಗದಗಳ ಜಗತ್ಕಥೆಯಾಯಿತು. ಅದನ್ನು ನಾವು ಇತಿಹಾಸದ ಗ್ರಂಥವೆಂದು ಓದುತ್ತೇವೆ. ಅದೇ ಅವಧಿಯಲ್ಲಿ, 1931ರ ಜನವರಿ ಮೊದಲ ದಿನ, ಕಮಲಾ ನೆಹರೂ ಅವರೂ ಬಂಧಿತರಾದರು. ಫೆಬ್ರವರಿಯಲ್ಲಿ ಅಜ್ಜ ಮೋತಿಲಾಲರು ತೀರಿಕೊಂಡರು. ಇದನ್ನು ಬದಿಯಲ್ಲಿಟ್ಟುಕೊಂಡು ಓದಿದರೆ ಆ ಸಾಮ್ರಾಜ್ಯಗಳ ವರ್ಣನೆಯ ನಡುವೆ, ಮಗಳ ಪಕ್ಕದಲ್ಲಿ ಕೂರಲಾರದ ತಂದೆಯೊಬ್ಬ ತನ್ನಲ್ಲಿದ್ದ ಒಂದೇ ಉಡುಗೊರೆಯನ್ನು ಕಳುಹಿಸಲು ಕುಳಿತಿರುವುದು ಕಾಣುತ್ತದೆ.

ಗಾಂಧೀಜಿಯವರು ತಮ್ಮ ಆತ್ಮಕಥೆಯಲ್ಲಿ ಮಕ್ಕಳ ವಿದ್ಯಾಭ್ಯಾಸಕ್ಕೆ ಒಂದು ಅಧ್ಯಾಯವನ್ನೇ ಮೀಸಲಿಟ್ಟು, ಶಾಲೆಯ ಶಿಕ್ಷಣ ಸಿಗಲಿಲ್ಲವೆಂಬ ದೂರು ಮಕ್ಕಳಿಗಿದೆ ಎಂಬುದನ್ನು ಮುಚ್ಚಿಡದೆ ಹೇಳಿಕೊಂಡಿದ್ದಾರೆ. ತಮ್ಮ ನಿರ್ಧಾರವನ್ನು ಸಮರ್ಥಿಸಿಕೊಂಡರು, ದೂರನ್ನು ಮಾತ್ರ ಅಳಿಸಲಿಲ್ಲ. ಮಹಾದೇವ ದೇಸಾಯಿಯವರು 1942ರ ಆಗಸ್ಟ್ 15ರಂದು ಪುಣೆಯ ಆಗಾಖಾನ್ ಅರಮನೆಯಲ್ಲಿ ಬಂದಿಯಾಗಿದ್ದಾಗಲೇ ತೀರಿಕೊಂಡರು. ಮಗ ನಾರಾಯಣನಿಗೆ ಆಗ ಹದಿನೇಳು ವರ್ಷ. ಆ ಮಗನೇ ಮುಂದೆ ಗುಜರಾತಿಯಲ್ಲಿ ತಂದೆಯ ಜೀವನಚರಿತ್ರೆಯನ್ನು ಬರೆದರು. ಆಶ್ರಮದಲ್ಲಿ ಕಳೆದ ತಮ್ಮ ಬಾಲ್ಯವನ್ನೂ ಬರೆದರು. ಸ್ವಾತಂತ್ರ್ಯ ಸಂಗ್ರಾಮವನ್ನು ಅದರ ಮಕ್ಕಳೇ ಹೇಳಿದ ಇಂಥ ಪುಸ್ತಕಗಳು ನಮ್ಮ ಶಾಲೆಗಳಲ್ಲಿ ಇರಬೇಕು.

ಹೀಗೆ ಬರೆದರೆ ಭಕ್ತಿ ಕುಂದುತ್ತದೆ, ಎಳೆಯ ಮನಸ್ಸಿಗೆ ಆದರ್ಶ ಬೇಕು, ಸಂಸಾರದ ಗೋಳು ಏಕೆ ಎಂದು ಕೆಲವು ಹಿರಿಯ ಮಿತ್ರರು ಹೇಳುತ್ತಾರೆ. ಅವರ ಆತಂಕ ನನಗೆ ಅರ್ಥವಾಗುತ್ತದೆ. ಗೋಳನ್ನೇ ಹೇಳಿ ತ್ಯಾಗವನ್ನು ಮೂರ್ಖತನವೆಂದು ತೋರಿಸುವ ಬರವಣಿಗೆಯೂ ಉಂಟು. ಅದು ನನಗೂ ಬೇಡ. ಆದರೆ ಏನನ್ನು ಬಿಟ್ಟುಕೊಟ್ಟರೆಂದು ತಿಳಿಯದೆ ತ್ಯಾಗವನ್ನು ಅಳೆಯುವುದು ಹೇಗೆ? ಉತ್ತರ ಕನ್ನಡದ ಅಂಕೋಲೆ ಸಿದ್ದಾಪುರಗಳ ಕರನಿರಾಕರಣೆಯನ್ನು ನೆನೆಯಿರಿ. 1930ರ ಈಚಿನ ಎರಡು ವರ್ಷಗಳಲ್ಲಿ ಅಲ್ಲಿನ ರೈತಕುಟುಂಬಗಳ ಗದ್ದೆ, ತೋಟ, ದನಕರು, ಪಾತ್ರೆಪಡಗ ಜಪ್ತಿಯಾದವು, ಹರಾಜಾದವು. ಗಂಡಸರು ಸೆರೆಮನೆಯಲ್ಲಿದ್ದಾಗ ಹರಾಜಿನ ಭೂಮಿಯನ್ನು ಕೊಂಡವರ ಮನೆಯ ಮುಂದೆ ಹೆಂಗಸರು ಉಪವಾಸ ಕುಳಿತರು. ಅಂದರೆ ಅಡುಗೆಮನೆಯೇ ಅಂಗಳಕ್ಕೆ ಬಂದು ಸತ್ಯಾಗ್ರಹ ಹೂಡಿತು. ಪಾತ್ರೆ ಹೋದುದನ್ನು ಹೇಳದೆ ಆ ಉಪವಾಸದ ಮಹತ್ವವನ್ನು ಹೇಳಲು ಸಾಧ್ಯವೇ? ಇದನ್ನು ಕೇಳಿದ ಮಗುವಿಗೆ ಭಕ್ತಿ ಹೆಚ್ಚುತ್ತದೆಯೇ ಹೊರತು ಕುಂದುವುದಿಲ್ಲ. ಆ ಹುಡುಗಿಗೆ ನಾನು ಅಂದು ಹೇಳಬೇಕಾಗಿದ್ದ ಉತ್ತರವೂ ಇದೇ ಆಗಿತ್ತು. ಎಷ್ಟೋ ಮನೆಗಳಲ್ಲಿ ಊಟಕ್ಕೆ ಇರಲಿಲ್ಲ. ಇಲ್ಲದಿದ್ದುದನ್ನು ಸಹಿಸಿದವರೂ ಹೋರಾಟಗಾರರೇ.

ಉಪಾಧ್ಯಾಯಮಿತ್ರರಲ್ಲಿ ನನ್ನ ಬಿನ್ನಹ ಇಷ್ಟು. ಬಹುಮಾನದ ಪುಸ್ತಕ ಆರಿಸುವಾಗ ಅದರಲ್ಲಿ ಒಂದು ಮನೆ ಇದೆಯೇ ಎಂದು ನೋಡಿರಿ. ಪ್ರಬಂಧಕ್ಕೆ ವಿಷಯ ಕೊಡುವಾಗ ವೀರನ ಹೆಸರಿನ ಬದಲು ಅವನ ತಾಯಿಯ, ತಂಗಿಯ, ಮಗುವಿನ ಕಡೆಯಿಂದ ಬರೆಯಲು ಹೇಳಿರಿ. 1942ರಲ್ಲಿ ಹತ್ತು ವರ್ಷದವರಾಗಿದ್ದವರಿಗೆ ಈಗ ತೊಂಬತ್ತು ದಾಟಿದೆ. ಅಂಥವರು ಊರಿನಲ್ಲಿ ಇನ್ನೂ ಇದ್ದರೆ ಮಕ್ಕಳನ್ನು ಅವರ ಬಳಿಗೆ ಕಳುಹಿಸಿರಿ. ಯಾವ ಕಾದಂಬರಿಕಾರನೂ ಬರೆಯದ ಪುಟಗಳು ಅವರ ನೆನಪಿನಲ್ಲಿವೆ, ಆ ಪುಟಗಳಿಗೆ ಹೆಚ್ಚು ಕಾಲವಿಲ್ಲ.

ನಾನು ನನ್ನ ಪಾಲಿನದನ್ನು ಮಾಡಿದ್ದೇನೆ. ಆ ಶಾಲೆಯ ಪುಸ್ತಕಭಂಡಾರಕ್ಕೆ ‘ಮರಳಿ ಮಣ್ಣಿಗೆ’ಯ ಒಂದು ಪ್ರತಿಯನ್ನೂ ‘ಚಿರಸ್ಮರಣೆ’ಯ ಒಂದು ಪ್ರತಿಯನ್ನೂ ಕಳುಹಿಸಿ, ಪ್ರಶ್ನೆ ಕೇಳಿದ ಹುಡುಗಿಗೆ ಮೊದಲು ಕೊಡಬೇಕೆಂದು ಮುಖ್ಯೋಪಾಧ್ಯಾಯರಿಗೆ ಬರೆದಿದ್ದೇನೆ. ಬಹುಮಾನಕ್ಕೆ ಅಂದು ನಾನು ಆರಿಸಬೇಕಾಗಿದ್ದುದು ಅವಳನ್ನೇ ಎಂಬ ಮಾತನ್ನೂ ಆ ಕಾಗದದಲ್ಲಿ ಸೇರಿಸಿದೆ.