ಗುಂಪಿನ ಕೃತ್ಯ, ಒಬ್ಬೊಬ್ಬನ ಹೊಣೆ

"ನಾನು ಹೊಡೆಯಲಿಲ್ಲ, ಜೊತೆಯಲ್ಲಿ ನಿಂತಿದ್ದೆ, ಅಷ್ಟೆ." ಹೊಡೆದಾಟದ ಮೊಕದ್ದಮೆಗಳಲ್ಲಿ ಆರೋಪಿಗಳು ಸಾಮಾನ್ಯವಾಗಿ ಆಡುವ ಮಾತಿದು. ಒಮ್ಮೆ ಇದು ನಿರಪರಾಧಿಯ ಮಾತಾಗಿರುತ್ತದೆ, ಇನ್ನೊಮ್ಮೆ ನುಣುಚಿಕೊಳ್ಳುವವನದು. ಇವರಿಬ್ಬರನ್ನು ಬೇರ್ಪಡಿಸುವುದೇ ನ್ಯಾಯದ ಕೆಲಸ. ಆ ಶ್ರಮವನ್ನು ಪಡದೆ ಇಡೀ ಗುಂಪನ್ನೇ ಸೆರೆಮನೆಗೆ ನೂಕುವುದು ಅನ್ಯಾಯವೆಂಬುದು ನಮ್ಮ ಅಭಿಪ್ರಾಯ.

ಕಾನೂನಿನ ಮೂಲತತ್ವದಲ್ಲಿ ನಾವು ತಪ್ಪು ಕಾಣುವುದಿಲ್ಲ. ಹಲವರು ಸಮಾನ ಉದ್ದೇಶದಿಂದ ಒಂದು ಅಪರಾಧವನ್ನು ಎಸಗಿದರೆ, ಪ್ರತಿಯೊಬ್ಬನೂ ಅದನ್ನು ತಾನೊಬ್ಬನೇ ಮಾಡಿದಂತೆ ಹೊಣೆಗಾರನಾಗುತ್ತಾನೆ. ಹಳೆಯ ದಂಡಸಂಹಿತೆಯ 34ನೆಯ ಕಲಮಿನಲ್ಲಿದ್ದ ಈ ಮಾತು, 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ 3(5) ಆಗಿ ಉಳಿದಿದೆ. ಒಬ್ಬನು ಬಾಗಿಲು ಕಾಯುತ್ತಾನೆ, ಒಬ್ಬನು ಕೈ ಹಿಡಿದುಕೊಳ್ಳುತ್ತಾನೆ, ಮೂರನೆಯವನು ಹೊಡೆಯುತ್ತಾನೆ. ಹೊಡೆದವನೊಬ್ಬನೇ ತಪ್ಪಿತಸ್ಥನೆಂದು ಯಾರು ಒಪ್ಪಿಯಾರು? ಸ್ತೆಫನನ ಮೇಲೆ ಕಲ್ಲೆಸೆದವರ ವಸ್ತ್ರಗಳನ್ನು ಕಾದ ಸೌಲನು, ಆ ಕೊಲೆಗೆ ತನ್ನ ಸಮ್ಮತಿ ಇತ್ತೆಂದು ಮುಂದೆ ತಾನೇ ಹೇಳಿಕೊಂಡದ್ದನ್ನು ನಮ್ಮ ವಾಚಕರು ಬಲ್ಲರು.

ಆದರೆ ಸಮಾನ ಉದ್ದೇಶವೆಂದರೆ ಒಂದೇ ಬಗೆಯ ಉದ್ದೇಶವಲ್ಲ. 1954ರಲ್ಲಿ ಪಾಂಡುರಂಗ ಎಂಬವರ ಅಪೀಲಿನಲ್ಲಿ ಸುಪ್ರೀಂ ಕೋರ್ಟು ಈ ಭೇದವನ್ನು ಸ್ಪಷ್ಟಪಡಿಸಿತು. ಅದು ಹೈದರಾಬಾದ್ ರಾಜ್ಯದಿಂದ ಹೋದ ಮೊಕದ್ದಮೆ. ಬೀದರ, ಗುಲಬರ್ಗ, ರಾಯಚೂರುಗಳು ಆಗ ಆ ರಾಜ್ಯದಲ್ಲೇ ಇದ್ದವು. ಹಲವರು ಒಟ್ಟಿಗೆ ಒಬ್ಬನ ಮೇಲೆ ಬಿದ್ದು ಹೊಡೆದರು ಎಂದ ಮಾತ್ರಕ್ಕೆ ಸಾಲದು. ಮೊದಲೇ ಅವರ ಮನಸ್ಸುಗಳು ಕೂಡಿದ್ದವೆಂದು ರುಜುವಾತಾಗಬೇಕು. ಹಾಗೆ ಕೂಡುವುದು ಸ್ಥಳದಲ್ಲೇ, ಕ್ಷಣದಲ್ಲೇ ಆಗಿರಬಹುದು, ಆದರೆ ಆಗಿರಲೇಬೇಕು. ಇಲ್ಲವಾದರೆ ಪ್ರತಿಯೊಬ್ಬನೂ ತಾನು ಕೊಟ್ಟ ಪೆಟ್ಟಿಗೆ ಮಾತ್ರ ಹೊಣೆ.

ಐದು ಅಥವಾ ಹೆಚ್ಚು ಜನರ ಅಕ್ರಮ ಕೂಟಕ್ಕೆ ಬೇರೆ ಕಲಮಿದೆ: ಹಿಂದೆ 149, ಈಗ 190. ಇದರ ಬಲೆ ಇನ್ನೂ ದೊಡ್ಡದು. ಕೂಟದ ಗುರಿಗಾಗಿ ಒಬ್ಬ ಸದಸ್ಯನು ಮಾಡಿದ ಅಪರಾಧ, ಅಥವಾ ಆ ಗುರಿಯ ದಾರಿಯಲ್ಲಿ ನಡೆದೀತೆಂದು ಸದಸ್ಯರು ತಿಳಿದಿದ್ದ ಅಪರಾಧ, ಆ ಹೊತ್ತಿಗೆ ಕೂಟದಲ್ಲಿದ್ದ ಎಲ್ಲ ಸದಸ್ಯರ ತಲೆಗೂ ಬರುತ್ತದೆ. ಆದರೆ ಕುತೂಹಲದಿಂದ ನೋಡಲು ನಿಂತವನು ಕೂಟದ ಸದಸ್ಯನಲ್ಲ.

ದುಡಿಯುವವರಿಗೆ ಈ ವ್ಯತ್ಯಾಸ ಬದುಕಿನ ಪ್ರಶ್ನೆ. 2012ರ ಜುಲೈ 18ರಂದು ಹರಿಯಾಣದ ಮಾನೇಸರಿನ ಮಾರುತಿ ಕಾರ್ಖಾನೆಯಲ್ಲಿ ಗಲಭೆಯಾಯಿತು, ಬೆಂಕಿ ಬಿತ್ತು, ಒಬ್ಬ ಮ್ಯಾನೇಜರು ಪ್ರಾಣ ಕಳೆದುಕೊಂಡರು. 148 ಕಾರ್ಮಿಕರು ವಿಚಾರಣೆಗೆ ಒಳಗಾದರು. 2017ರ ಮಾರ್ಚಿಯಲ್ಲಿ ಗುರುಗ್ರಾಮದ ನ್ಯಾಯಾಲಯವು 31 ಮಂದಿಯನ್ನು ಅಪರಾಧಿಗಳೆಂದು ತೀರ್ಪಿತ್ತು, ಅವರಲ್ಲಿ 13 ಮಂದಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಉಳಿದ 117 ಮಂದಿಯ ಬಿಡುಗಡೆಯಾಯಿತು. ಅವರಲ್ಲಿ ಅನೇಕರು ಅಷ್ಟರಲ್ಲಿ ಎರಡು ವರ್ಷಕ್ಕೂ ಮಿಕ್ಕಿ ಸೆರೆಯಲ್ಲಿದ್ದವರು. ತೀರ್ಪು ಅವರ ಹೆಸರನ್ನು ತೊಳೆಯಿತು. ಕಳೆದ ದಿನಗಳನ್ನೂ ಹೋದ ಕೆಲಸವನ್ನೂ ಯಾರು ಹಿಂದಿರುಗಿಸುವರು?

ಸತ್ತವರ ಮನೆಯವರ ದುಃಖವನ್ನು ನಾವು ಹಗುರಮಾಡುವುದಿಲ್ಲ. ಅವರಿಗೂ ಬೇಕಾದದ್ದು ನಿಜವಾದ ಅಪರಾಧಿ, ಬರೀ ಹೆಸರುಗಳ ಉದ್ದ ಪಟ್ಟಿಯಲ್ಲ. ಆದ್ದರಿಂದ ಪೊಲೀಸರು ದೋಷಾರೋಪ ಪಟ್ಟಿಯಲ್ಲಿ ಯಾರು ಎಲ್ಲಿದ್ದರು, ಏನು ಮಾಡಿದರು ಎಂಬುದನ್ನು ಒಬ್ಬೊಬ್ಬರ ಹೆಸರಿನ ಮುಂದೆ ಬರೆಯಲಿ. ಜಾಮೀನಿನ ಹಂತದಲ್ಲೇ ನ್ಯಾಯಾಲಯವು ಈ ಪ್ರಶ್ನೆಯನ್ನು ಕೇಳಲಿ.

ನಮ್ಮ ಬಂಧುಗಳಿಗೂ ಒಂದು ಮಾತು. ಸಂಘ ಕಟ್ಟುವುದೂ, ಶಾಂತಿಯಿಂದ ಒಟ್ಟುಗೂಡಿ ಹಕ್ಕು ಕೇಳುವುದೂ ಅಪರಾಧವಲ್ಲ. ಆದರೆ ಒಬ್ಬನು ಕಲ್ಲೆತ್ತಿದಾಗ ತಡೆಯಿರಿ. ತಡೆಯಲಾಗದಿದ್ದರೆ ಕೂಡಲೇ ಅಲ್ಲಿಂದ ಹೊರಟುಬಿಡಿ. ಮುಂದೆ ಸಾಕ್ಷಿ ಹೇಳಬೇಕಾಗಿ ಬಂದರೆ, ಜೊತೆಗಾರನೆಂದು ಮುಚ್ಚಿಡದೆ, ಹಗೆಯವನೆಂದು ಹೆಸರು ಸೇರಿಸದೆ, ಕಣ್ಣಾರೆ ಕಂಡದ್ದನ್ನಷ್ಟೇ ಹೇಳಿರಿ.